ಗಾಜಿನ ಈಚೆ ಕೂರುವವಳಿಗೆ

ನೋಡು ಮಗಳೇ, ರೆಕಾರ್ಡಿಂಗ್ ಸ್ಟುಡಿಯೊದ ಕೆಲಸಕ್ಕೆ ಸೇರುತ್ತಿದ್ದೀಯ ಎಂದು ಕೇಳಿ ನನಗೆ ತುಂಬಾ ಸಂತೋಷವಾಯಿತು. ಯಾವ ಮೈಕು, ಯಾವ ಸಾಫ್ಟ್‌ವೇರು ಅನ್ನುವುದನ್ನೆಲ್ಲ ಅಲ್ಲಿನವರು ಕಲಿಸುತ್ತಾರೆ. ನಾನು ಹೇಳಬೇಕೆಂದಿರುವುದು ಒಬ್ಬ ಮನುಷ್ಯನ ವಿಷಯ. ಲಂಡನ್ನಿನ ಜಾರ್ಜ್ ಮಾರ್ಟಿನ್, ಬೀಟಲ್ಸ್ ತಂಡದ ರೆಕಾರ್ಡ್ ಪ್ರೊಡ್ಯೂಸರ್. ಹಾಡುವವರು ಗಾಜಿನ ಆಚೆ ನಿಂತರೆ ಈತ ಈಚೆ ಕೂರುತ್ತಿದ್ದ. ನೀನು ಕೂರಲಿರುವುದೂ ಅದೇ ಜಾಗದಲ್ಲಿ.

1926ರಲ್ಲಿ ಹುಟ್ಟಿದ ಮಾರ್ಟಿನ್ ಬಡಗಿಯ ಮಗ. ಪಿಯಾನೊ ಬಹುಪಾಲು ತಾನೇ ಕಲಿತದ್ದು. ಯುದ್ಧಕಾಲದಲ್ಲಿ ನೌಕಾಪಡೆಯ ವಿಮಾನ ದಳದಲ್ಲಿದ್ದು ಬಂದು, ಗಿಲ್ಡ್‌ಹಾಲ್ ಸಂಗೀತ ಶಾಲೆಯಲ್ಲಿ ಓದಿದ. 1950ರಲ್ಲಿ ಇಎಂಐ ಕಂಪನಿಯ ಪಾರ್ಲೋಫೋನ್ ವಿಭಾಗಕ್ಕೆ ಸಹಾಯಕನಾಗಿ ಸೇರಿ, 1955ರಲ್ಲಿ, ಇನ್ನೂ 29ರ ಹರೆಯದಲ್ಲೇ, ಅದರ ಮುಖ್ಯಸ್ಥನಾದ. ಹೆಸರು ದೊಡ್ಡದು, ಆದರೆ ಆ ವಿಭಾಗಕ್ಕೆ ಕಂಪನಿಯೊಳಗೆ ಅಂಥ ಮರ್ಯಾದೆ ಇರಲಿಲ್ಲ. ದೊಡ್ಡ ಗಾಯಕರು ಅತ್ತ ಸುಳಿಯುತ್ತಿರಲಿಲ್ಲ. ಹಾಗಾಗಿ ಪೀಟರ್ ಸೆಲರ್ಸ್‌ನಂಥ ನಟರನ್ನು ಕರೆಸಿ ಹಾಸ್ಯದ ರೆಕಾರ್ಡುಗಳನ್ನು ಮಾಡಿದ. ಮಾತು ಮತ್ತು ಸದ್ದುಗಳಿಂದಲೇ ಕೇಳುಗನ ಕಣ್ಣೆದುರು ಒಂದು ದೃಶ್ಯ ಕಟ್ಟಬೇಕು. ಅದಕ್ಕಾಗಿ ಟೇಪನ್ನು ಕತ್ತರಿಸುವುದು, ಅಂಟಿಸುವುದು, ವೇಗ ಬದಲಿಸುವುದು. ಮುಂದೆ ಇಡೀ ಜಗತ್ತು ಬೆರಗಾದ ಕೈಚಳಕವನ್ನೆಲ್ಲ ಆತ ಪಳಗಿಸಿಕೊಂಡದ್ದು ಯಾರೂ ಲೆಕ್ಕಕ್ಕೇ ತೆಗೆದುಕೊಳ್ಳದ ಈ ಕೆಲಸದಲ್ಲಿ. ನಿನಗೂ ಮೊದಮೊದಲು ಜಾಹೀರಾತಿನ ಜಿಂಗಲ್, ಯಾರದೋ ಭಾಷಣದ ರೆಕಾರ್ಡಿಂಗ್ ಬರಬಹುದು. ಮೂಗು ಮುರಿಯಬೇಡ.

1962ರ ಜೂನ್ 6ರಂದು ಲಿವರ್‌ಪೂಲಿನ ಆ ಬೀಟಲ್ಸ್ ಹುಡುಗರು ಅಬ್ಬೆ ರೋಡಿನ ಸ್ಟುಡಿಯೊಗೆ ಬಂದರು. ಡೆಕ್ಕಾ ಕಂಪನಿ ಆಗಲೇ ಅವರನ್ನು ಬೇಡವೆಂದಿತ್ತು. ಅವರ ಆಂಪ್ಲಿಫೈಯರುಗಳ ಸ್ಥಿತಿಯೂ ಹೇಳಿಕೊಳ್ಳುವಂತಿರಲಿಲ್ಲ. ಮಾರ್ಟಿನ್ ಅವರನ್ನು ಒಳಗೆ ಕರೆದು ಏನೇನು ಸರಿಯಿಲ್ಲ ಎಂದು ಉದ್ದಕ್ಕೆ ಹೇಳಿ, ನಿಮಗೆ ಹಿಡಿಸದ್ದೇನಾದರೂ ಇದ್ದರೆ ಹೇಳಿ ಎಂದ. ನಿಮ್ಮ ಟೈ ಹಿಡಿಸಲಿಲ್ಲ ಎಂದ ಜಾರ್ಜ್ ಹ್ಯಾರಿಸನ್. ಬೇರೆ ಅಧಿಕಾರಿಯಾಗಿದ್ದರೆ ಅಲ್ಲಿಗೇ ಕತೆ ಮುಗಿಯುತ್ತಿತ್ತು. ಮಾರ್ಟಿನ್‌ಗೆ ಅವರ ಹಾಡುಗಳು ಅಷ್ಟೇನೂ ರುಚಿಸಿರಲಿಲ್ಲ, ಆದರೆ ಆ ಹುಡುಗರು ಹಿಡಿಸಿದರು.

ಮುಂದೆ ಆತನೇ ಒಂದು ಹಾಡು ಆರಿಸಿ ಕೊಟ್ಟ, ‘ಹೌ ಡು ಯು ಡು ಇಟ್’. ಅವರು ಹಾಡಿದರು, ಆದರೆ ಮನಸ್ಸಿಲ್ಲದೆ. ನಮ್ಮದೇ ಹಾಡು ಬೇಕು ಎಂದರು. ಆತ ಪಟ್ಟು ಹಿಡಿಯಲಿಲ್ಲ. ಅವರ ‘ಪ್ಲೀಸ್ ಪ್ಲೀಸ್ ಮಿ’ ಎಂಬ ನಿಧಾನಗತಿಯ ಹಾಡನ್ನು ಕೇಳಿ, ವೇಗ ಹೆಚ್ಚಿಸಿ ನೋಡಿ ಎಂದಷ್ಟೇ ಹೇಳಿದ. 1963ರ ಆರಂಭದಲ್ಲಿ ಅದು ಬ್ರಿಟನ್ನಿನ ಜನಪ್ರಿಯ ಹಾಡುಗಳ ಬಹುತೇಕ ಪಟ್ಟಿಗಳ ತುದಿಗೇರಿತು. ಇವರು ಒಲ್ಲೆವೆಂದ ಆ ಇನ್ನೊಂದು ಹಾಡನ್ನು ಜೆರ್ರಿ ಅಂಡ್ ದ ಪೇಸ್‌ಮೇಕರ್ಸ್ ತಂಡದಿಂದ ಹಾಡಿಸಿದ. ಅದೂ ಮೊದಲ ಸ್ಥಾನಕ್ಕೆ ಬಂತು. ಅಂದರೆ ಆತನ ಅಂದಾಜು ಸರಿಯಾಗಿಯೇ ಇತ್ತು. ಆದರೂ ಹಾಡುವವರ ಮಾತಿಗೆ ಬೆಲೆ ಕೊಟ್ಟ. ನನಗೆ ಆತ ದೊಡ್ಡವನಾಗಿ ಕಾಣುವುದು ಅಲ್ಲಿ.

ಓದಿದ್ದನ್ನು ಎಲ್ಲಿ ತೋರಿಸಬೇಕು, ಎಲ್ಲಿ ಸುಮ್ಮನಿರಬೇಕು ಅನ್ನುವುದಕ್ಕೆ 1965ರ ‘ಯೆಸ್ಟರ್‌ಡೇ’ ಕೇಳು. ಪಾಲ್ ಮೆಕಾರ್ಟ್ನಿ ಗಿಟಾರ್ ಹಿಡಿದು ಒಬ್ಬನೇ ಹಾಡಿದ್ದ. ತಂತಿವಾದ್ಯಗಳನ್ನು ಸೇರಿಸೋಣ ಎಂದು ಮಾರ್ಟಿನ್ ಅಂದಾಗ, ಹಾಡು ಸಕ್ಕರೆ ಪಾಕವಾದೀತೆಂದು ಹುಡುಗ ಹಿಂಜರಿದ. ಆಗ ಆತ ಆರಿಸಿದ್ದು ನಾಲ್ಕೇ ವಾದ್ಯ: ಎರಡು ವಯಲಿನ್, ಒಂದು ವಿಯೋಲಾ, ಒಂದು ಚೆಲ್ಲೊ. ಸ್ವರವನ್ನು ಹೆಚ್ಚು ಅಲುಗಿಸದೆ ನೇರವಾಗಿ ನುಡಿಸಿ ಎಂದು ಪಾಲ್ ಪಟ್ಟುಹಿಡಿದದ್ದಕ್ಕೂ ಒಪ್ಪಿದ. ಇಬ್ಬರೂ ಪಿಯಾನೊ ಮುಂದೆ ಕೂತು ಒಂದೊಂದು ಸಾಲನ್ನೂ ಹೊಂದಿಸಿದರು.

1966ರ ಕೊನೆಯಲ್ಲಿ ‘ಸ್ಟ್ರಾಬೆರಿ ಫೀಲ್ಡ್ಸ್ ಫಾರೆವರ್’ ರೆಕಾರ್ಡಾಗುವಾಗ ಜಾನ್ ಲೆನನ್ ಇನ್ನೂ ದೊಡ್ಡ ತೊಡಕು ತಂದಿಟ್ಟ. ಒಂದು ಟೇಕಿನ ಮೊದಲರ್ಧ, ಇನ್ನೊಂದರ ಉತ್ತರಾರ್ಧ, ಎರಡನ್ನೂ ಸೇರಿಸಿ ಎಂದ. ಎರಡರ ಶ್ರುತಿ ಬೇರೆ, ಲಯ ಬೇರೆ. ಆಗ ಕಂಪ್ಯೂಟರಿಲ್ಲ, ನಾಲ್ಕು ಟ್ರ್ಯಾಕಿನ ಯಂತ್ರ. ಮಾರ್ಟಿನ್ ಮತ್ತು ಎಂಜಿನಿಯರ್ ಜೆಫ್ ಎಮೆರಿಕ್ ಒಂದು ಟೇಪಿನ ವೇಗ ಏರಿಸಿ, ಇನ್ನೊಂದರದ್ದು ಇಳಿಸಿ, ಶ್ರುತಿಯೂ ಲಯವೂ ಒಟ್ಟಿಗೇ ಕೂಡುವ ಬಿಂದು ಹುಡುಕಿ, ಕತ್ತರಿಸಿ ಅಂಟಿಸಿದರು. ಹೆಡ್‌ಫೋನ್ ಹಾಕಿಕೊಂಡು ಕೇಳು, ಮೊದಲ ನಿಮಿಷ ಮುಗಿಯುವ ಹೊತ್ತಿಗೆ ಹಾಡಿನ ಮೈಬಣ್ಣ ಬದಲಾಗುತ್ತದೆ. ಮರುವರ್ಷ ಹ್ಯಾರಿಸನ್ ಲಂಡನ್ನಿನಲ್ಲಿದ್ದ ಭಾರತೀಯ ವಾದಕರನ್ನು ಕೂಡಿಕೊಂಡು ‘ವಿದಿನ್ ಯು ವಿದೌಟ್ ಯು’ ಮಾಡಿದಾಗ, ದಿಲ್ರುಬಾದ ಜಾರುಸ್ವರಗಳ ಜೊತೆಗೇ ಜಾರುವಂತೆ ವಯಲಿನ್ ಮತ್ತು ಚೆಲ್ಲೊಗಳಿಗೆ ಬರೆದುಕೊಟ್ಟವನೂ ಮಾರ್ಟಿನ್ನೇ. ನಮ್ಮ ಸಂಗೀತ ಆತನಿಗೆ ಹೊಸದು, ಆದರೂ ನನಗೆ ಬಾರದು ಎಂದು ಕೈ ಚೆಲ್ಲಲಿಲ್ಲ.

ದುಡ್ಡಿನ ಮಾತನ್ನೂ ಹೇಳಿಬಿಡುತ್ತೇನೆ. ನಮ್ಮ ಮನೆಗಳಲ್ಲಿ ಇದನ್ನು ಹೇಳುವವರು ಕಡಿಮೆ. 1963ರಲ್ಲಿ ಆತ ರೂಪಿಸಿದ ರೆಕಾರ್ಡುಗಳು ಬ್ರಿಟನ್ನಿನಲ್ಲಿ 37 ವಾರ ಮೊದಲ ಸ್ಥಾನದಲ್ಲಿದ್ದವು. ಕಂಪನಿ ಕೋಟಿಗಟ್ಟಲೆ ಗಳಿಸಿತು, ಆತನಿಗೆ ಸಿಕ್ಕಿದ್ದು ಸಂಬಳ ಮಾತ್ರ. ಮಾರಾಟದಲ್ಲಿ ಪಾಲು ಕೇಳಿದ, ಸರಿಹೋಗಲಿಲ್ಲ. 1965ರಲ್ಲಿ ಹೊರಬಂದು ಜೊತೆಗಾರರೊಂದಿಗೆ ಏರ್ ಎಂಬ ಸ್ವಂತ ಸಂಸ್ಥೆ ಕಟ್ಟಿದ. ಬೀಟಲ್ಸ್ ಆತನನ್ನು ಬಿಡಲಿಲ್ಲ, ಹಾಗಾಗಿ ಕಂಪನಿಯೇ ಆತನನ್ನು ಹೊರಗಿನಿಂದ ಕರೆಸಿಕೊಳ್ಳಬೇಕಾಯಿತು. ನಿನ್ನ ಪಾಲೆಷ್ಟು, ಹಾಡಿನ ಜೊತೆ ನಿನ್ನ ಹೆಸರು ಬರುತ್ತದೋ ಇಲ್ಲವೋ, ಎಲ್ಲವನ್ನೂ ಮೊದಲೇ ಕಾಗದದಲ್ಲಿ ಬರೆಸಿಕೋ. ಕೇಳುವುದಕ್ಕೆ ಸಂಕೋಚ ಬೇಡ.

ಇನ್ನೊಂದೇ ವಿಷಯ. ಇಷ್ಟೆಲ್ಲ ಕೇಳಿದ ಆ ಕಿವಿಗಳು ಕಡೆಗೆ ಮಂದವಾದವು. ವರ್ಷಗಟ್ಟಲೆ ಜೋರು ಸದ್ದಿನ ಮುಂದೆ ಕೂತದ್ದರ ಫಲ. 2006ರ ‘ಲವ್’ ಆಲ್ಬಮ್ ಹೊತ್ತಿಗೆ ಮಗ ಜೈಲ್ಸ್ ಜೊತೆಗಿದ್ದು ಅಪ್ಪನ ಪರವಾಗಿ ಕೇಳಬೇಕಾಯಿತು. 2016ರಲ್ಲಿ, ತೊಂಬತ್ತು ತುಂಬಿದ ಮೇಲೆ ಆತ ತೀರಿಕೊಂಡ. ಹೋದ ಶ್ರವಣಶಕ್ತಿ ಮರಳಿ ಬರಲಿಲ್ಲ. ಒಳಕಿವಿಯ ಸೂಕ್ಷ್ಮ ಕೂದಲು ಜೀವಕೋಶಗಳು ಒಮ್ಮೆ ಸತ್ತರೆ ಮತ್ತೆ ಹುಟ್ಟುವುದಿಲ್ಲ. ಸ್ಪೀಕರಿನ ದನಿ ತಗ್ಗಿಸಿಯೇ ಮಿಕ್ಸ್ ಮಾಡುವುದನ್ನು ರೂಢಿಸಿಕೋ, ಗಂಟೆಗೊಮ್ಮೆ ಎದ್ದು ಹೊರಗೆ ಹೋಗು. ಕೆಲಸಕ್ಕೆ ಸೇರುವ ಮುಂಚೆ ಮೈಸೂರಿನ ಮಾನಸಗಂಗೋತ್ರಿಯಲ್ಲಿರುವ ವಾಕ್ ಶ್ರವಣ ಸಂಸ್ಥೆಗೆ ಹೋಗಿ ಕಿವಿ ಪರೀಕ್ಷೆ ಮಾಡಿಸಿ, ಅವರು ಕೊಡುವ ಆಡಿಯೋಗ್ರಾಮ್ ಹಾಳೆಯನ್ನು ಜೋಪಾನವಾಗಿ ಎತ್ತಿಡು. ವರ್ಷಕ್ಕೊಮ್ಮೆ ಹೊಸದನ್ನು ತೆಗೆಸಿ ಅದರ ಪಕ್ಕದಲ್ಲಿಟ್ಟು ನೋಡು. ಈ ತಿಂಗಳೇ ಹೋಗಿ ಬಾ.