ಎದುರಾಳಿಗೂ ನೋಟಿಸು ಮುಟ್ಟಲಿ



ಊರಿನಲ್ಲಿ ಬದುವಿನ ಜಗಳವಾದರೆ ಹಿರಿಯರು ಮೊದಲು ಎದುರಾಳಿಗೆ ಹೇಳಿಕಳುಹಿಸುತ್ತಾರೆ. ಅವನು ಬಂದು ಕುಳಿತ ಮೇಲೆಯೇ ಮಾತು ಆರಂಭ. ಸರ್ಕಾರದ ಕಚೇರಿಗೂ ಇದೇ ನಿಯಮ. ಖಾತೆಯ ತಕರಾರನ್ನು ತೀರ್ಮಾನಿಸುವ ಅಧಿಕಾರಿ ಆ ಹೊತ್ತಿಗೆ ನ್ಯಾಯಾಧಿಪತಿಯ ಸ್ಥಾನದಲ್ಲಿರುತ್ತಾರೆ. ಅವರು ಪಾಲಿಸಬೇಕಾದ ಮುಖ್ಯ ಅಂಶಗಳು ನಾಲ್ಕು:

1. ವಿಚಾರಣೆಯ ದಿನ, ಸ್ಥಳ, ವಿಷಯಗಳನ್ನು ತಿಳಿಸುವ ನೋಟಿಸು ಸಂಬಂಧಪಟ್ಟವರೆಲ್ಲರಿಗೂ ಮುಟ್ಟಬೇಕು.

2. ಇಬ್ಬರಿಗೂ ಹೇಳಿಕೊಳ್ಳಲು ಅವಕಾಶವಿರಬೇಕು. ಒಬ್ಬರು ಹಾಜರು ಮಾಡಿದ ದಾಖಲೆಯನ್ನು ಇನ್ನೊಬ್ಬರಿಗೆ ತೋರಿಸಿ ಉತ್ತರ ಕೇಳಬೇಕು.

3. ತನಗೋ ತನ್ನ ನೆಂಟರಿಗೋ ಲಾಭನಷ್ಟವಿರುವ ವ್ಯಾಜ್ಯವನ್ನು ಅಧಿಕಾರಿ ತಾನೇ ತೀರ್ಮಾನಿಸಬಾರದು.

4. ಆಜ್ಞೆ ಲಿಖಿತವಾಗಿರಬೇಕು, ಕಾರಣ ಕೊಟ್ಟಿರಬೇಕು. ‘ತಿರಸ್ಕರಿಸಲಾಗಿದೆ’ ಎಂಬ ಒಂದೇ ಮಾತು ಸಾಲದು. ಕಾರಣ ತಿಳಿಯದೆ ಸೋತವನು ಅಪೀಲು ಬರೆಯುವುದಾದರೂ ಹೇಗೆ?

ಈ ಕ್ರಮ ತಪ್ಪಿದರೆ ಏನಾಗುತ್ತದೆಂಬುದನ್ನು ನಮ್ಮ ನಾಡು ಕಂಡಿದೆ. ಭೂಸುಧಾರಣೆ ಕಾಯಿದೆಗೆ ಆದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದಿತು. ಗೇಣಿಯ ಜಮೀನುಗಳು ಸರ್ಕಾರಕ್ಕೆ ಸೇರಿದವು. ಉಳುವವನು 7ನೇ ನಮೂನೆಯಲ್ಲಿ ಅರ್ಜಿ ಹಾಕಬೇಕಾಯಿತು. ಅದನ್ನು ತೀರ್ಮಾನಿಸಲು ತಾಲ್ಲೂಕುಗಳಲ್ಲಿ ಭೂನ್ಯಾಯ ಮಂಡಳಿಗಳಾದವು. ಕೆಲಸ ಬೆಟ್ಟದಷ್ಟಿತ್ತು, ಅವಸರವೂ ಇತ್ತು. ಎಷ್ಟೋ ಆಜ್ಞೆಗಳು ಬೆಂಗಳೂರಿನ ಅಠಾರ ಕಚೇರಿಯ ಹೈಕೋರ್ಟನ್ನು ಹತ್ತಿದವು. ನೋಟಿಸು ಮುಟ್ಟಿಲ್ಲ, ಸಾಕ್ಷಿಯನ್ನು ಪ್ರಶ್ನಿಸಲು ಬಿಟ್ಟಿಲ್ಲ, ಕಾರಣ ಬರೆದಿಲ್ಲ ಎಂದು ಕಂಡಾಗ ಹೈಕೋರ್ಟು ಆಜ್ಞೆಯನ್ನು ರದ್ದುಮಾಡಿ, ಹೊಸದಾಗಿ ವಿಚಾರಿಸಿರೆಂದು ಹಿಂದಕ್ಕೆ ಕಳುಹಿಸಿತು. ಹೀಗಾದಾಗ ಗೆದ್ದೆನೆಂದು ಮನೆಗೆ ಹೋಗಿದ್ದ ಗೇಣಿದಾರ ಮತ್ತೆ ಮೊದಲಿನಿಂದ ಅಲೆಯಬೇಕಾಯಿತು.

ಇದರಲ್ಲಿ ನಮಗೊಂದು ಪಾಠವಿದೆ. ಎದುರಾಳಿಗೆ ನೋಟಿಸು ಹೋಗದಿದ್ದರೆ ಒಳಗೊಳಗೇ ಸಂತೋಷಪಡುವವರು ನಮ್ಮಲ್ಲಿದ್ದಾರೆ. ಅಂಥ ಗೆಲುವು ಬುನಾದಿಯಿಲ್ಲದ ಗೋಡೆ. ಅವನ ಮಾತನ್ನೂ ಕೇಳಿ ಕೊಟ್ಟ ಆಜ್ಞೆಯೇ ನಿಮ್ಮ ಮಕ್ಕಳ ಕಾಲಕ್ಕೂ ನಿಲ್ಲುತ್ತದೆ.

ನಾನು ಕೆಲಸ ಮಾಡುವ ಊರೊಂದರಲ್ಲಿ ಒಬ್ಬ ತಾಯಿ ಬೆಳೆಸಾಲಕ್ಕೆಂದು ಪಹಣಿ ತೆಗೆಸಿದರು. ತೀರಿಕೊಂಡ ಗಂಡನ ಹೆಸರಿದ್ದ ಕಡೆ ಮೈದುನನ ಹೆಸರಿತ್ತು. ಆಕೆ ಹೆರಿಗೆಗೆ ಹೋದ ಮಗಳ ಬಳಿ ಇದ್ದಾಗ ನೋಟಿಸನ್ನು ಬೇರೆ ಯಾರೋ ಪಡೆದಿದ್ದರು. ಆಕೆ ಅಳುತ್ತಾ ಕೂರಲಿಲ್ಲ. ನಕಲು ಪಡೆದು, ವಾಯಿದೆಯೊಳಗೆ ಅಪೀಲು ಹಾಕಿದರು. ಈ ಸಲ ಮೈದುನನ ಎದುರಿನಲ್ಲಿಯೇ ವಿಚಾರಣೆ ನಡೆದು ಆಕೆಯ ಹಕ್ಕು ದಾಖಲೆಗೆ ಬಂದಿತು.

ನಾವು ಮಾಡಬೇಕಾದುದು:

ಅರ್ಜಿ ಕೊಟ್ಟ ಕೂಡಲೆ ತಾರೀಖು ಹಾಕಿದ ಸ್ವೀಕೃತಿ ಪಡೆಯಿರಿ. 2011ರ ಸಕಾಲ ಕಾಯಿದೆಗೆ ಸೇರಿದ ಸೇವೆಯಾದರೆ ಅರ್ಜಿಯ ಸಂಖ್ಯೆಯನ್ನೂ ಕೇಳಿ ಪಡೆಯಿರಿ. ನೋಟಿಸು ಬಂದರೆ ಹೆದರಿ ಹಿಂದಕ್ಕೆ ಕಳುಹಿಸಬೇಡಿ. ತೆಗೆದುಕೊಂಡು ಆ ದಿನ ಹಾಜರಾಗಿರಿ. ಬರಲಾಗದಿದ್ದರೆ ಮುಂಚೆಯೇ ಬರೆದು ತಿಳಿಸಿ. ಓದಿ ಕೇಳದೆ ಯಾವ ಹೇಳಿಕೆಗೂ ರುಜುವನ್ನಾಗಲಿ ಹೆಬ್ಬೆಟ್ಟನ್ನಾಗಲಿ ಹಾಕಬೇಡಿ. ಆಜ್ಞೆಯ ನಕಲು ಪಡೆಯಿರಿ. 1964ರ ಭೂಕಂದಾಯ ಕಾಯಿದೆಯ 136ನೇ ಕಲಮಿನಂತೆ, ಖಾತೆ ಬದಲಾವಣೆಯ ಆಜ್ಞೆ ನಿಮಗೆ ತಲುಪಿದ ದಿನದಿಂದ ಅಥವಾ ನಮೂದು ಗೊತ್ತಾದ ದಿನದಿಂದ 60 ದಿನದೊಳಗೆ ಅಪೀಲು ಹಾಕಬಹುದು.

ಚರ್ಚೆಗೆ ಪ್ರಶ್ನೆಗಳು:

1. ನಿಮ್ಮ ಊರಿನಲ್ಲಿ ನೋಟಿಸು ಮನೆಮನೆಗೆ ಮುಟ್ಟುತ್ತಿದೆಯೇ? ಓದಲು ಬಾರದವರಿಗೆ ಓದಿ ಹೇಳುವವರು ಯಾರು?

2. ನಿಮ್ಮ ಖಾತೆಯ ಇತ್ತೀಚಿನ ಪಹಣಿಯನ್ನು ಕಳೆದ ಸಲ ನೋಡಿದ್ದು ಯಾವಾಗ?