ಮುಳುಗುತ್ತೋ, ತೇಲುತ್ತೋ? ಮೊದಲು ಮಗು ಹೇಳಲಿ

ಒಂದು ಟಬ್ಬು ನೀರು, ಅಡುಗೆಮನೆಯ ಹತ್ತಾರು ಸಾಮಾನು, ಭಾನುವಾರದ ಒಂದು ಬೆಳಗ್ಗೆ. ಮಕ್ಕಳಿಗೆ ವಿಜ್ಞಾನದ ರುಚಿ ಹತ್ತಿಸಲು ಇಷ್ಟು ಸಾಕು. ಆದರೂ ಎಷ್ಟೋ ಕಡೆ ಈ ಪ್ರಯೋಗ ಐದೇ ನಿಮಿಷಕ್ಕೆ ಸಪ್ಪೆಯಾಗಿ ಮುಗಿದುಹೋಗುತ್ತದೆ. ಕಲ್ಲು ಹಾಕಿದರು, ಮುಳುಗಿತು. ಎಲೆ ಹಾಕಿದರು, ತೇಲಿತು. ಚಪ್ಪಾಳೆ ತಟ್ಟಿದರು, ನೀರು ಚೆಲ್ಲಿದರು. ಮಗುವಿಗೆ ಮೊದಲೇ ಗೊತ್ತಿದ್ದದ್ದನ್ನು ಮತ್ತೆ ತೋರಿಸಿದರೆ ಅದು ಪ್ರಯೋಗ ಹೇಗಾದೀತು? ತಂಗಿಯ ಮಗಳ ಜೊತೆ, ಬೀದಿಯ ಮಕ್ಕಳ ಜೊತೆ ವರ್ಷಗಟ್ಟಲೆ ನೀರಾಟ ಆಡುತ್ತ ನನ್ನ ಕೈಗೆ ಹತ್ತಿದ ಸೂತ್ರಗಳು ಇವು.

1. ಕೈ ಬಿಡುವ ಮುನ್ನ ಬಾಯಿ ಬಿಡಿಸಿ

ವಸ್ತು ನೀರಿಗೆ ಬೀಳುವ ಮೊದಲೇ ಮಗು ತನ್ನ ಊಹೆ ಹೇಳಬೇಕು. ಹೇಳಿದರೆ ಸಾಲದು, ಬರೆದಿಡಬೇಕು. ನೋಟ್‌ಬುಕ್ಕಿನಲ್ಲಿ ಮೂರು ಕಾಲಂ ಎಳೆಯಿರಿ: ವಸ್ತು, ನನ್ನ ಊಹೆ, ಆದದ್ದು. ಬರೆಯಲು ಬಾರದ ಪುಟ್ಟ ಮಗು ಮೇಲಕ್ಕೊಂದು ಬಾಣ, ಕೆಳಕ್ಕೊಂದು ಬಾಣ ಗೀಚಿದರೂ ಆಯಿತು. ಬಾಯಿಮಾತಿನ ಊಹೆ ಫಲಿತಾಂಶ ಕಂಡ ಕೂಡಲೇ ಬದಲಾಗಿಬಿಡುತ್ತದೆ. "ನಾನೂ ಅದನ್ನೇ ಹೇಳಿದ್ದೆ" ಎನ್ನುವುದು ಮಕ್ಕಳ ಸಹಜ ಗುಣ. ಹಾಳೆಯ ಮೇಲೆ ಬಿದ್ದ ಬಾಣ ಮಾತ್ರ ಬದಲಾಗುವುದಿಲ್ಲ. ತಪ್ಪಾದ ಊಹೆಯನ್ನು ರಬ್ಬರಿನಿಂದ ಅಳಿಸಲು ಬಿಡಬೇಡಿ, ಆ ಪುಟದಲ್ಲಿ ಅದಕ್ಕೇ ಹೆಚ್ಚು ಬೆಲೆ.

2. ಊಹೆ ತಪ್ಪಿಸುವ ವಸ್ತುಗಳನ್ನೇ ಆರಿಸಿ

ಕಲ್ಲು, ಎಲೆ, ಕಡ್ಡಿ ಒಂದೆರಡು ಸಾಕು. ಉಳಿದದ್ದೆಲ್ಲ ಮಗುವನ್ನು ಯೋಚನೆಗೆ ಹಚ್ಚುವಂಥದ್ದಿರಲಿ. ಮೂರು ಕಿಲೋ ತೂಗುವ ಸಿಹಿಗುಂಬಳಕಾಯಿ ತೇಲುತ್ತದೆ, ಬೆರಳ ತುದಿಯಷ್ಟಿರುವ ಹುಣಸೆ ಬೀಜ ಮುಳುಗುತ್ತದೆ. ಎರಡನ್ನೂ ಒಂದಾದ ಮೇಲೊಂದು ಹಾಕಿ, ಮಗುವಿನ ಮುಖ ನೋಡಿ. ಬದನೆಕಾಯಿ, ದೊಣ್ಣೆಮೆಣಸಿನಕಾಯಿ, ಸೇಬು, ಬಾಳೆಹಣ್ಣು ತೇಲುವ ಕಡೆ. ಆಲೂಗಡ್ಡೆ ಮುಳುಗುವ ಕಡೆ. ಟೊಮೆಟೊ ಮಾತ್ರ ಯಾವ ಪಕ್ಷಕ್ಕೂ ಸೇರಿದ್ದಲ್ಲ. ಒಂದು ತೇಲಿದರೆ ಇನ್ನೊಂದು ಮುಳುಗುತ್ತದೆ. ಅದಕ್ಕೇ ಒಂದೇ ಟೊಮೆಟೊ ಹಾಕಿ ತೀರ್ಪು ಕೊಡಬೇಡಿ, ಐದಾರು ಹಾಕಿ. ಒಂದನ್ನು ನೋಡಿ ಎಲ್ಲದರ ಬಗ್ಗೆ ಹೇಳಬಾರದು ಎಂಬುದನ್ನು ಟೊಮೆಟೊಗಿಂತ ಚೆನ್ನಾಗಿ ಕಲಿಸುವ ಮೇಷ್ಟ್ರನ್ನು ನಾನು ಕಂಡಿಲ್ಲ.

ಟಬ್ಬಿನ ಗೋಡೆ ಪಾರದರ್ಶಕವಾಗಿದ್ದರೆ ಒಳ್ಳೆಯದು. ತೇಲುವುದರಲ್ಲೂ ತರತಮ ಇದೆ. ಬದನೆ ನೀರಿನ ಮೇಲೆ ಎತ್ತರಕ್ಕೆ ಕೂರುತ್ತದೆ, ಐಸ್ ಕ್ಯೂಬು ಕುತ್ತಿಗೆಯವರೆಗೂ ಮುಳುಗಿರುತ್ತದೆ. "ತೇಲಿತಾ?" ಎಂದಷ್ಟೇ ಕೇಳದೆ "ಎಷ್ಟು ಒಳಗಿದೆ?" ಎಂದೂ ಕೇಳಿ.

3. ನಿಯಮ ಹೇಳಿಸಿ, ಮರುಕ್ಷಣವೇ ಮುರಿಯಿರಿ

ಇಡೀ ಆಟದ ಜೀವ ಇರುವುದು ಇಲ್ಲಿ, ಹಾಗಾಗಿ ಇಲ್ಲಿ ಅವಸರ ಬೇಡ. ಹತ್ತು ವಸ್ತು ಆಗುವಷ್ಟರಲ್ಲಿ ಮಗು ತಾನೇ ಒಂದು ನಿಯಮ ಹೊರಡಿಸುತ್ತದೆ. ಬಹುತೇಕ ಮಕ್ಕಳ ಮೊದಲ ನಿಯಮ: "ಭಾರ ಇದ್ದದ್ದು ಮುಳುಗುತ್ತೆ." ಹೌದೇನು? ಹಾಗಾದರೆ ಕುಂಬಳಕಾಯಿ? ಮಗು ಯೋಚಿಸಿ ನಿಯಮ ತಿದ್ದುತ್ತದೆ: "ಸ್ಟೀಲು, ಕಬ್ಬಿಣ ಮುಳುಗುತ್ತೆ." ಒಂದು ಸ್ಟೀಲ್ ಚಮಚ ಹಾಕಿ, ಮುಳುಗಲಿ. ಆಮೇಲೆ ಸ್ಟೀಲ್ ಲೋಟವನ್ನು ಮೆಲ್ಲಗೆ ನೆಟ್ಟಗೆ ಇಳಿಬಿಡಿ. ತೇಲುತ್ತದೆ! "ಓ, ಒಳಗೆ ಗಾಳಿ ಇದ್ದರೆ ತೇಲುತ್ತೆ" ಎನ್ನುತ್ತದೆ ಮಗು. ಭೇಷ್. ಈಗ ಒಂದು ಮೇಣದ ಬತ್ತಿ ಹಾಕಿ. ಅದರೊಳಗೆ ಗಾಳಿಯ ಹೆಸರಿಲ್ಲ, ಆದರೂ ತೇಲುತ್ತದೆ.

ಹೀಗೆ ಮೂರು ನಿಯಮ ಕಟ್ಟಿ ಮೂರೂ ಬಿದ್ದ ಮೇಲೆ ನಾಲ್ಕನೆಯದಕ್ಕೆ ಜಾಗವಾಗುತ್ತದೆ: ಒಂದು ವಸ್ತು ತಾನು ಹಿಡಿಯುವಷ್ಟೇ ಜಾಗದ ನೀರಿಗಿಂತ ಹಗುರವಾಗಿದ್ದರೆ ತೇಲುತ್ತದೆ, ಭಾರವಾಗಿದ್ದರೆ ಮುಳುಗುತ್ತದೆ. ಪಾಠಪುಸ್ತಕ ಇದನ್ನೇ ಸಾಂದ್ರತೆ ಎಂಬ ಹೆಸರಿನಲ್ಲಿ ಕಲಿಸುತ್ತದೆ. ಒಂದು ಮಿಲಿಲೀಟರ್ ನೀರಿಗೆ ಒಂದು ಗ್ರಾಂ ತೂಕ, ಅಷ್ಟೇ ಜಾಗದ ಕಬ್ಬಿಣಕ್ಕೆ ಸುಮಾರು 7.9 ಗ್ರಾಂ, ಮೇಣಕ್ಕೆ ಸುಮಾರು 0.9 ಗ್ರಾಂ.

ನಮ್ಮ ಹುಡುಗಿ ಲೋಟ ತೇಲಿದ್ದನ್ನು ನೋಡಿ ಸುಮ್ಮನೆ ನಿಂತಿದ್ದಳು. ಆಮೇಲೆ ಕೇಳಿದಳು: "ದೊಡ್ಡಮ್ಮಾ, ಹಾಗಾದ್ರೆ ಅಜ್ಜಿ ಮನೆ ಬಾವಿಗೆ ಬಿದ್ದ ಕೊಡ ಯಾಕೆ ಮುಳುಗಿತು? ಅದೂ ಖಾಲಿನೇ ಇತ್ತಲ್ಲ?" ಪಾತಾಳಗರಡಿ ಬಿಟ್ಟು ಆ ಕೊಡ ಎತ್ತಿದ್ದನ್ನು ಅವಳು ರಜೆಯಲ್ಲಿ ಕಂಡಿದ್ದಳು. ನಾನು ಉತ್ತರ ಹೇಳಲಿಲ್ಲ, ಲೋಟ ಕೈಗೆ ಕೊಟ್ಟೆ. ಓರೆ ಮಾಡಿದಳು, ಬಾಯಿಂದ ನೀರು ನುಗ್ಗಿತು, ಗುಳುಗುಳು ಎಂದು ಗಾಳಿ ಹೊರಬಂತು, ಲೋಟ ತಳ ಸೇರಿತು. "ಕೊಡ ಮಗುಚಿಕೊಂಡು ಬಿದ್ದಿರಬೇಕು" ಎಂದಳು.

4. ಉತ್ತರ ನಿಮ್ಮ ನಾಲಿಗೆಯ ಮೇಲೇ ಇರಲಿ

ದೊಡ್ಡವರಿಗೆ ಇದೇ ಅತ್ಯಂತ ಕಷ್ಟದ ಸೂತ್ರ. ಆರ್ಕಿಮಿಡೀಸ್, ಯುರೇಕಾ, ಸಾಂದ್ರತೆ ಎಲ್ಲ ತುಟಿಯವರೆಗೆ ಬಂದಿರುತ್ತದೆ. ತಡೆದುಕೊಳ್ಳಿ. ಪ್ರಶ್ನೆ ಕೇಳಿ, ಮನಸ್ಸಿನಲ್ಲೇ ಹತ್ತರವರೆಗೆ ಎಣಿಸಿ.

5. ಸಿಪ್ಪೆ ಸುಲಿಯಿರಿ

ಇಡೀ ಕಿತ್ತಳೆ ತೇಲುತ್ತದೆ. ಸಿಪ್ಪೆ, ಬಿಳಿ ನಾರು ತೆಗೆದು ಹಾಕಿ, ತಳ ಸೇರುತ್ತದೆ. ಹಗುರ ಮಾಡಿದ ಮೇಲೆ ಮುಳುಗಿತೆಂದರೆ ಮಕ್ಕಳು ನಂಬುವುದೇ ಇಲ್ಲ. ಸ್ಪಂಜಿನಂಥ ಆ ಸಿಪ್ಪೆಯ ತುಂಬ ಗಾಳಿ, ಹಣ್ಣಿಗೆ ಅದು ತೊಡಿಸಿದ ಈಜುಬುರುಡೆ. ಹಳ್ಳಿಗಳಲ್ಲಿ ಒಣಗಿದ ಸೋರೆಬುರುಡೆಯನ್ನು ಬೆನ್ನಿಗೆ ಕಟ್ಟಿ ಈಜು ಕಲಿಸುತ್ತಿದ್ದದ್ದು ಇದೇ ಕಾರಣಕ್ಕೆ. ಸುಲಿದ ಹಣ್ಣಿನ ನಡುವೆ ಗಾಳಿ ಸಿಕ್ಕಿಕೊಂಡು ಒಮ್ಮೊಮ್ಮೆ ತೇಲುವುದುಂಟು. ಆಗ ತೊಳೆ ಬಿಡಿಸಿ, ನೀರಿನೊಳಗೇ ಮೆಲ್ಲಗೆ ಒತ್ತಿ, ಗುಳ್ಳೆ ಬಿಡಿಸಿ ನೋಡಿ. ಪ್ರಯೋಗ ಕೈಕೊಟ್ಟಿತು ಎಂದು ಮುಚ್ಚಿಡಬೇಡಿ, ಕೈಕೊಟ್ಟದ್ದು ಯಾಕೆ ಎಂದು ಹುಡುಕುವುದೂ ಆಟವೇ.

6. ವಸ್ತು ಬದಲಿಸಿದ್ದು ಸಾಕು, ನೀರನ್ನೇ ಬದಲಿಸಿ

ಕಾಲು ಲೀಟರ್ ನೀರಿಗೆ ತಾಜಾ ಮೊಟ್ಟೆ ಹಾಕಿ, ಮುಳುಗುತ್ತದೆ. ತೆಗೆದು, ಮೂರು ದೊಡ್ಡ ಚಮಚ ಪುಡಿಯುಪ್ಪು ಕದಡಿ ಮತ್ತೆ ಹಾಕಿ. ತೇಲದಿದ್ದರೆ ಇನ್ನೊಂದು ಚಮಚ. ಮನೆಯಲ್ಲಿ ಮೊಟ್ಟೆ ತರದವರು ಆಲೂಗಡ್ಡೆ ಚೂರಿನಿಂದ ಇದನ್ನೇ ಮಾಡಬಹುದು. ಕಲ್ಲುಪ್ಪಾದರೆ ಬಿಸಿನೀರಿನಲ್ಲಿ ಕರಗಿಸಿ, ಆರಿಸಿಕೊಳ್ಳಿ. ಈಗ ಉಪ್ಪುನೀರಿನ ಮೇಲೆ ಚಮಚದ ಬೆನ್ನಿಗೆ ತಾಗುವಂತೆ ಸಿಹಿನೀರನ್ನು ನಿಧಾನವಾಗಿ ಸುರಿದರೆ ಮೊಟ್ಟೆ ನಡುನೀರಿನಲ್ಲಿ ಸುಮ್ಮನೆ ನಿಂತುಬಿಡುತ್ತದೆ. ಕೈ ನಡುಗಿದರೆ ಎರಡೂ ಬೆರೆತು ಹೋಗುತ್ತವೆ. ಹಾಗಾಗಿ ಸುರಿಯುವ ಕೆಲಸ ಮಕ್ಕಳಲ್ಲಿ ಅತ್ಯಂತ ತಾಳ್ಮೆ ಇರುವವರಿಗೆ.

ಸಮುದ್ರದ ಒಂದು ಲೀಟರ್ ನೀರಿನಲ್ಲಿ ಸುಮಾರು 35 ಗ್ರಾಂ ಉಪ್ಪಿರುತ್ತದೆ. ಅಷ್ಟು ಉಪ್ಪಿಗೆ ಮೊಟ್ಟೆ ತೇಲುವುದಿಲ್ಲ, ಅಳೆದು ನೋಡಿಸಿ. ಮೃತ ಸಮುದ್ರದ ನೀರಿನಲ್ಲಿ ಅದರ ಒಂಬತ್ತು ಹತ್ತು ಪಟ್ಟು ಉಪ್ಪಿದೆ. ಅಲ್ಲಿ ಮನುಷ್ಯ ಮುಳುಗಬೇಕೆಂದರೂ ಸಲೀಸಲ್ಲ.

ಇದು ಬರೀ ಆಟವಲ್ಲ ಎನ್ನುವುದಕ್ಕೆ ಭತ್ತದ ರೈತರನ್ನು ಕೇಳಿ. ಬಿತ್ತನೆಗೆ ಮುನ್ನ ಬೀಜವನ್ನು ಉಪ್ಪುನೀರಿಗೆ ಸುರಿಯುತ್ತಾರೆ. ಜೊಳ್ಳು ಮೇಲೆ ತೇಲುತ್ತದೆ, ಗಟ್ಟಿಕಾಳು ತಳ ಹಿಡಿಯುತ್ತದೆ. ಉಪ್ಪು ಹದಕ್ಕೆ ಬಂತೋ ಇಲ್ಲವೋ ಎಂದು ತಿಳಿಯಲು ಮೊಟ್ಟೆಯನ್ನೇ ತೇಲಿಬಿಟ್ಟು, ನಾಣ್ಯದಷ್ಟು ಭಾಗ ನೀರಿನ ಮೇಲೆ ಕಂಡರೆ ಸರಿ ಎನ್ನುವ ಪದ್ಧತಿ ಇದೆ. ಆರಿಸಿದ ಬೀಜವನ್ನು ಸಿಹಿನೀರಿನಲ್ಲಿ ತೊಳೆದು ಬಿತ್ತುತ್ತಾರೆ. ಮನೆಯಲ್ಲಿ ಹುಳು ಕೊರೆದ ಅಲಸಂದೆ, ಹೆಸರುಕಾಳಿದ್ದರೆ ಬರೀ ನೀರಿಗೆ ಹಾಕಿ ಮಗುವಿಗೆ ತೋರಿಸಿ. ಟೊಳ್ಳಾದವು ತಾವಾಗಿ ಮೇಲೆ ಬರುತ್ತವೆ.

7. ಸೂಜಿಯನ್ನು ಬೇರೆ ಪಟ್ಟಿಯಲ್ಲಿಡಿ

ಟಿಶ್ಯೂ ಕಾಗದದ ಚೂರಿನ ಮೇಲೆ ಸೂಜಿ ಮಲಗಿಸಿ ನೀರಿಗೆ ಬಿಟ್ಟರೆ, ಕಾಗದ ನೆನೆದು ಕೆಳಗಿಳಿದು ಸೂಜಿ ಮೇಲೆ ಉಳಿಯುತ್ತದೆ. ಇದು ತೇಲುವುದಲ್ಲ. ನೀರಿನ ಮೇಲ್ಮೈ ಎಳೆತ ಅದನ್ನು ಚಾದರದಂತೆ ಹೊತ್ತಿದೆ. ಒಂದು ಹನಿ ಪಾತ್ರೆ ತೊಳೆಯುವ ಸೋಪಿನ ದ್ರಾವಣ ಬಿಡಿ, ಸೂಜಿ ಮುಳುಗುತ್ತದೆ. ಸಾಸಿವೆಯಂಥ ಸಣ್ಣ ಕಾಳು ಮೋಸ ಮಾಡುವುದೂ ಹೀಗೆಯೇ. ಸಣ್ಣ ವಸ್ತುಗಳನ್ನು ಒಮ್ಮೆ ಬೆರಳಿನಿಂದ ಪೂರ್ತಿ ಒದ್ದೆ ಮಾಡಿ ಬಿಟ್ಟರೆ ನಿಜ ತಿಳಿಯುತ್ತದೆ.

8. ದೋಣಿ ಕಟ್ಟಿಸಿ, ಸರಕು ಹೇರಿಸಿ

ಅಡುಗೆಮನೆಯ ಅಲ್ಯೂಮಿನಿಯಂ ಫಾಯಿಲ್ ಒಂದೇ ಅಳತೆಯ ಎರಡು ತುಂಡು ಕತ್ತರಿಸಿ. ಒಂದನ್ನು ಬಿಗಿಯಾಗಿ ಮಡಚಿ, ಸುತ್ತಿಗೆಯಿಂದ ಚಪ್ಪಟೆ ಬಡಿಯಿರಿ, ಮುಳುಗುತ್ತದೆ. ಕೈಯಲ್ಲಿ ಉಂಡೆ ಕಟ್ಟಿದರೆ ಮಡಿಕೆಗಳ ನಡುವಿನ ಗಾಳಿಯಿಂದ ತೇಲಿಬಿಡುತ್ತದೆ, ನಾನೂ ಮೊದಲ ಸಲ ಪೆಚ್ಚಾಗಿದ್ದೆ. ಇನ್ನೊಂದನ್ನು ದೋಣಿ ಮಾಡಿ ಒಂದೊಂದೇ ರೂಪಾಯಿ ನಾಣ್ಯ ಇಡುತ್ತ ಹೋಗಿ. ಎಷ್ಟು ಹಿಡಿಸೀತು? ತಳ 10 ಸೆಂಟಿಮೀಟರ್ ಉದ್ದ, 10 ಸೆಂಟಿಮೀಟರ್ ಅಗಲ, ಅಂಚು 2 ಸೆಂಟಿಮೀಟರ್ ಎತ್ತರವಿದ್ದರೆ ದೋಣಿ ಅಂಚಿನವರೆಗೆ ಮುಳುಗಿದಾಗ 200 ಮಿಲಿಲೀಟರ್ ನೀರನ್ನು ಪಕ್ಕಕ್ಕೆ ಸರಿಸುತ್ತದೆ. ಅಂದರೆ 200 ಗ್ರಾಂ ಹೊರಬಲ್ಲದು. ನಾಣ್ಯಕ್ಕೆ ನಾಲ್ಕು ಗ್ರಾಂ ಎಂದಿಟ್ಟುಕೊಂಡರೆ ಲೆಕ್ಕಕ್ಕೆ ಐವತ್ತು. ಮಕ್ಕಳು ಅದಕ್ಕಿಂತ ಬೇಗ ಮುಳುಗಿಸುತ್ತಾರೆ, ಏಕೆಂದರೆ ಒಂದೇ ಬದಿಗೆ ಪೇರಿಸುತ್ತಾರೆ. ಎರಡನೇ ಸಲಕ್ಕೆ ತಾವಾಗಿಯೇ ನಡುವಿನಿಂದ ಹರಡುತ್ತ ಬರುತ್ತಾರೆ.

ಹಂಪಿ, ಆನೆಗೊಂದಿ ಕಡೆ ಹೋದರೆ ಹರಿಗೋಲು ತೋರಿಸದೆ ಬರಬೇಡಿ. ಬಿದಿರಿನ ಬುಟ್ಟಿ, ಹಿಂದೆ ಅದಕ್ಕೆ ತೊಗಲಿನ ಹೊದಿಕೆ, ಈಗ ಪ್ಲಾಸ್ಟಿಕ್ಕು ಮತ್ತು ಡಾಂಬರು. ಅಂಬಿಗ ಜನರನ್ನು ಸುತ್ತಲೂ ಸಮವಾಗಿ ಕೂರಿಸುವುದನ್ನು ಕಂಡರೆ ಫಾಯಿಲ್ ದೋಣಿ ಕಟ್ಟಿದ ಮಗುವಿಗೆ ವಿವರಣೆಯೇ ಬೇಡ.

9. ಮಂಜುಗಡ್ಡೆಯ ಪಕ್ಕ ತುಪ್ಪದ ಡಬ್ಬಿ ಇಡಿ

ಐಸ್ ನೀರಿನಲ್ಲಿ ತೇಲುವುದು ನಮಗೆ ಎಷ್ಟು ರೂಢಿಯೆಂದರೆ ಅದು ವಿಚಿತ್ರ ಎನ್ನುವುದೇ ಮರೆತುಹೋಗಿದೆ. ಹರಳುಗಟ್ಟಿದ ತುಪ್ಪ ನೋಡಿ, ಹರಳು ತಳದಲ್ಲಿ, ತಿಳಿ ಮೇಲೆ. ಹೆಚ್ಚಿನ ಪದಾರ್ಥಗಳು ಹಾಗೆಯೇ, ಗಟ್ಟಿಯಾದರೆ ತಮ್ಮದೇ ದ್ರವದಲ್ಲಿ ಮುಳುಗುತ್ತವೆ. ನೀರು ಮಾತ್ರ ಹೆಪ್ಪುಗಟ್ಟುವಾಗ ಹಿಗ್ಗುತ್ತದೆ. 100 ಮಿಲಿಲೀಟರ್ ನೀರು ಸುಮಾರು 109 ಮಿಲಿಲೀಟರ್ ಐಸ್ ಆಗುತ್ತದೆ. ಚಳಿದೇಶದ ಕೆರೆಗಳು ಮೇಲಿನಿಂದ ಹೆಪ್ಪುಗಟ್ಟುವುದು, ಕೆಳಗೆ ಮೀನು ಬದುಕುವುದು ಇದರಿಂದಲೇ. ಒಂದು ಗಾಜಿನ ಲೋಟದಲ್ಲಿ ಸೂರ್ಯಕಾಂತಿ ಎಣ್ಣೆ ಹಾಕಿ ಐಸ್ ತುಂಡು ಬಿಡಿ. ತುಂಡು ಮೇಲೆಲ್ಲೋ ತೂಗಾಡುತ್ತಿರುವಾಗ ಕರಗಿದ ನೀರು ಮುತ್ತಿನ ಹನಿಗಳಾಗಿ ತಳಕ್ಕೆ ಇಳಿಯುತ್ತದೆ. ಇದನ್ನು ವಿವರಿಸದೆ ಸುಮ್ಮನೆ ಕೂತು ನೋಡಿ.

10. ದ್ರಾಕ್ಷಿ ಕುಣಿಸಿ

ಆಗಷ್ಟೇ ಮುಚ್ಚಳ ತೆಗೆದ ಸೋಡಾಗೆ ನಾಲ್ಕು ಒಣದ್ರಾಕ್ಷಿ. ಗುಳ್ಳೆ ಅಂಟಿದರೆ ಮೇಲೆ, ಒಡೆದರೆ ಕೆಳಗೆ. ಮೂರು ವರ್ಷದ ಮಗುವಿಗೂ ಸಾಕಾಗುವುದಿಲ್ಲ.

11. ದೊಡ್ಡ ಮಕ್ಕಳಿಗೆ ಅಳತೆ ಕೊಡಿ

ಹತ್ತು ದಾಟಿದವರಿಗೆ ಬರೀ ನೋಡುವುದು ಬೇಸರ ತರುತ್ತದೆ. ಸ್ಟ್ರಾದ ಒಂದು ತುದಿಗೆ ಕ್ಲೇ ಮೆತ್ತಿ, ನೀರಿನಲ್ಲಿ ನೆಟ್ಟಗೆ ತೇಲುವಂತೆ ಮಾಡಿ, ನೀರಿನ ಮಟ್ಟಕ್ಕೆ ಸಣ್ಣ ಗೆರೆ ಹಾಕಿಸಿ. ಉಪ್ಪುನೀರಿಗೆ ಬಿಟ್ಟರೆ ಗೆರೆ ಮೇಲೇಳುವುದು ಕಣ್ಣಿಗೆ ಕಾಣುತ್ತದೆ. ಹಾಲಿಗೆ ಬಿಟ್ಟರೆ ವ್ಯತ್ಯಾಸ ಸೂಕ್ಷ್ಮ. ಹಸುವಿನ ಹಾಲು ನೀರಿಗಿಂತ ಶೇಕಡಾ 3ರಷ್ಟೇ ಭಾರ, ಹಾಗಾಗಿ ನೀರಿನಲ್ಲಿ 10 ಸೆಂಟಿಮೀಟರ್ ಮುಳುಗುವ ಸ್ಟ್ರಾ ಹಾಲಿನಲ್ಲಿ ಹೆಚ್ಚೂಕಡಿಮೆ ಮೂರು ಮಿಲಿಮೀಟರ್ ಮೇಲೇಳುತ್ತದೆ. ಆ ಮೂರು ಮಿಲಿಮೀಟರ್ ಹಿಡಿಯಲು ಮಕ್ಕಳು ಉಸಿರು ಬಿಗಿಹಿಡಿದು ಬಗ್ಗುವುದನ್ನು ನೋಡಬೇಕು. ಊರಿನ ಡೇರಿಯಲ್ಲಿ ಹಾಲಿಗೆ ಇಳಿಬಿಡುವ ಲ್ಯಾಕ್ಟೋಮೀಟರ್ ಕೆಲಸ ಮಾಡುವುದೂ ಹೀಗೆಯೇ. ಹಾಲಿಗೆ ನೀರು ಬೆರೆತಷ್ಟೂ ಅದು ಆಳಕ್ಕಿಳಿಯುತ್ತದೆ.

ಆರ್ಕಿಮಿಡೀಸನ ಕಥೆ ಹೇಳಲು ಈಗ ಸಮಯ. ಕ್ರಿಸ್ತಪೂರ್ವ 3ನೇ ಶತಮಾನದಲ್ಲಿ ಸಿರಕ್ಯೂಸ್ ನಗರದಲ್ಲಿದ್ದ ಆತ ತೇಲುವ ವಸ್ತುಗಳ ಬಗ್ಗೆ ಗ್ರಂಥವನ್ನೇ ಬರೆದಿದ್ದಾನೆ. ಸ್ನಾನದ ತೊಟ್ಟಿಯಿಂದ ಎದ್ದು ಓಡಿದ ಪ್ರಸಂಗ ಮಾತ್ರ ಅದರಲ್ಲಿಲ್ಲ. ಅದನ್ನು ಹೇಳಿದವನು ಸುಮಾರು ಎರಡು ಶತಮಾನದ ನಂತರ ಬಂದ ರೋಮಿನ ವಿಟ್ರೂವಿಯಸ್. ಕಥೆ ಹೇಳಿ, ಇದನ್ನೂ ಹೇಳಿ.

12. ನೀರಿನ ಪಕ್ಕದಿಂದ ಏಳಬೇಡಿ

ಪುಟ್ಟ ಮಗು ಬಕೆಟ್ಟಿಗೆ ತಲೆಕೆಳಗಾಗಿ ಬಿದ್ದರೆ ಗೇಣುದ್ದ ನೀರೂ ಜೀವಕ್ಕೆ ಅಪಾಯ. ಫೋನ್ ಬಂದರೆ ಮಗುವನ್ನು ಎತ್ತಿಕೊಂಡೇ ಏಳಿ. ಸಣ್ಣವರ ಕೈಗೆ ಸೂಜಿ, ಗುಂಡು ಬ್ಯಾಟರಿ ಬೇಡ. ಹಸಿಮೊಟ್ಟೆ ಮುಟ್ಟಿದ ಕೈಯನ್ನು ಸೋಪು ಹಚ್ಚಿ ತೊಳೆಯಬೇಕು. ಮುಗಿದ ಮೇಲೆ ನೀರು ಗಿಡಕ್ಕೆ, ಉಪ್ಪುನೀರು ಬಚ್ಚಲಿಗೆ.

13. ಒಂದು ಬೋಗುಣಿಯನ್ನು ರಾತ್ರಿಯಿಡೀ ಬಿಡಿ

ಎಲ್ಲ ಎತ್ತಿಟ್ಟ ಮೇಲೆ, ತೇಲಿದ ವಸ್ತುಗಳಲ್ಲಿ ನಾಲ್ಕನ್ನು ಬೋಗುಣಿಯ ನೀರಿಗೆ ಹಾಕಿ ಎತ್ತರದ ಶೆಲ್ಫಿನಲ್ಲಿಡಿ. ರಟ್ಟಿನ ಚೂರು, ತೆಂಗಿನ ನಾರು, ಬಾಟಲಿಯ ಬೂಚು, ಮರದ ತುಂಡು. ಬೆಳಗ್ಗೆ ಯಾವುದು ಎಲ್ಲಿರುತ್ತದೆ ಎಂದು ಊಹೆ ಬರೆಸಿ. ಮರ ಎಂದರೆ ತೇಲುವುದು ಎನ್ನುವ ಮಕ್ಕಳಿಗೆ ತೇಗದ ವಿಷಯ ಹೇಳಬಹುದು. ಹಸಿ ತೇಗದ ದಿಮ್ಮಿ ತೇಲುವುದಿಲ್ಲ. ಬರ್ಮಾದ ಕಾಡುಗಳಲ್ಲಿ ಮರದ ಬುಡದ ಸುತ್ತ ತೊಗಟೆ ಕೆತ್ತಿ, ನಿಂತಲ್ಲೇ ವರ್ಷಗಟ್ಟಲೆ ಒಣಗಿಸಿ, ಆಮೇಲೆ ಕಡಿದು ಹೊಳೆಗೆ ಬಿಡುತ್ತಿದ್ದರು.

ಮೊನ್ನೆ ಬೆಳಗ್ಗೆ ಹಲ್ಲುಜ್ಜುವ ಮೊದಲೇ ನಮ್ಮವಳು ಶೆಲ್ಫಿನ ಹತ್ತಿರ ಓಡಿದಳು. ಬೂಚು, ಮರದ ತುಂಡು ಮೇಲೇ ಇದ್ದವು. ರಟ್ಟು ತಳದಲ್ಲಿತ್ತು. ಅವಳ ಊಹೆಯೂ ಅದೇ ಆಗಿತ್ತು, ಆದರೂ ಮುಖ ಬಾಡಿತು. "ದೊಡ್ಡಮ್ಮಾ, ಎಷ್ಟು ಗಂಟೆಗೆ ಮುಳುಗಿತು?" ಎಂದಳು. ನನಗೆ ಗೊತ್ತಿರಲಿಲ್ಲ. ಇವತ್ತು ಬೆಳಗ್ಗೆ ಏಳಕ್ಕೆ ಹೊಸ ರಟ್ಟು ಹಾಕಿದ್ದೇವೆ. ಗಂಟೆಗೊಮ್ಮೆ ನೋಡಿ ಗುರುತು ಹಾಕುವ ಪಟ್ಟಿ ಗೋಡೆಯ ಮೇಲಿದೆ, ಸದ್ಯಕ್ಕೆ ಮೂರು ಬಾಣವೂ ಮೇಲ್ಮುಖ.