ಮಾಸ್ತರರ ನೇಮಕಾತಿ ಕೋರ್ಟಿಗೆ ಯಾಕೆ ಹೋಯಿತು?



ನಾನು 2022-23ರಲ್ಲಿ ಏಳನೇ ತರಗತಿಯಲ್ಲಿದ್ದೆ. ಆಗ ನಮಗೆ ಗಣಿತ ಹೇಳುವ ಮಾಸ್ತರರೇ ಇರಲಿಲ್ಲ. ಕೇಳಿದರೆ "ಬರತಾರ, ಲಿಸ್ಟ್ ಆಗೇದ" ಅನ್ನುತ್ತಿದ್ದರು. ಮತ್ತೆ ಕೇಳಿದರೆ "ಕೋರ್ಟಿನ್ಯಾಗ ನಿಂತದ" ಅನ್ನುತ್ತಿದ್ದರು. ಶಾಲೆಗೂ ಕೋರ್ಟಿಗೂ ಏನು ಸಂಬಂಧ ಎಂದು ನನಗೆ ತಿಳಿಯಲಿಲ್ಲ. ಈಗ ಹತ್ತನೇ ತರಗತಿಯಲ್ಲಿ ಸಮಾಜ ವಿಜ್ಞಾನದ ಗುರುಗಳನ್ನು ಕೇಳಿ, ನಮ್ಮ ವೈನಿ ಕತ್ತರಿಸಿಟ್ಟ ಪೇಪರುಗಳನ್ನು ಓದಿ, ತಿಳಿದಷ್ಟು ಬರೆದಿದ್ದೇನೆ.

6ರಿಂದ 8ನೇ ತರಗತಿಗೆ ಕಲಿಸುವ 15,000 ಪದವೀಧರ ಶಿಕ್ಷಕರ ಹುದ್ದೆಗಳಿಗೆ ಸರಕಾರ 2022ರ ಮಾರ್ಚಿನಲ್ಲಿ ಅರ್ಜಿ ಕರೆಯಿತು. ಅದರಲ್ಲಿ 5,000 ಹುದ್ದೆ ನಮ್ಮ ಕಲ್ಯಾಣ ಕರ್ನಾಟಕಕ್ಕೆ. ಮೇ ತಿಂಗಳಲ್ಲಿ ಪರೀಕ್ಷೆ ಆಯಿತು, ನವೆಂಬರಿನಲ್ಲಿ ತಾತ್ಕಾಲಿಕ ಪಟ್ಟಿ ಬಂತು. ವೈನಿ ಪರೀಕ್ಷೆ ಬರೆದಿದ್ದರು, ನಂಬರೂ ಚಲೋ ಇದ್ದವು. ಆದರೆ ಪಟ್ಟಿಯಲ್ಲಿ ಹೆಸರಿಲ್ಲ! ಕಾರಣ ಏನಂದರೆ ಜಾತಿ-ಆದಾಯದ ಪ್ರಮಾಣಪತ್ರವನ್ನು ಅವರು ತಂದೆಯ ಹೆಸರಿನಲ್ಲಿ ಕೊಟ್ಟಿದ್ದರು. ಮದುವೆಯಾದವರು ಗಂಡನ ಹೆಸರಿನದು ಕೊಡಬೇಕಿತ್ತು ಎಂದು ಇಲಾಖೆ ಅವರನ್ನು ಮೀಸಲಾತಿಯಿಂದ ತೆಗೆದು ಸಾಮಾನ್ಯ ವರ್ಗದಲ್ಲಿ ಹಾಕಿತ್ತು. ರಾಜ್ಯದ ತುಂಬ ಎಷ್ಟೋ ಹೆಣ್ಣುಮಕ್ಕಳಿಗೆ ಹೀಗೇ ಆಗಿತ್ತು. ಅವರಲ್ಲಿ ಕೆಲವರು ಹೈಕೋರ್ಟಿಗೆ ಹೋದರು.

ಕೋರ್ಟು ಮಾಸ್ತರರನ್ನು ಆರಿಸುವುದಿಲ್ಲ, ಪೇಪರೂ ತಿದ್ದುವುದಿಲ್ಲ. ಗುರುಗಳು ಒಂದು ಉದಾಹರಣೆ ಕೊಟ್ಟರು. ಕಾಳಗಿಯಿಂದ ಕಲಬುರಗಿಗೆ ಹೋಗುವ ಬಸ್ಸಿನಲ್ಲಿ ಯಾರನ್ನು ಎಲ್ಲಿ ಕೂಡಿಸಬೇಕೆನ್ನುವುದು ಕಂಡಕ್ಟರರ ಕೆಲಸ. ಆದರೆ ಹೆಣ್ಣುಮಕ್ಕಳ ಸೀಟಿನಿಂದ ಒಬ್ಬಾಕೆಯನ್ನು ಎಬ್ಬಿಸಿದರೆ "ಯಾವ ನಿಯಮದ ಪ್ರಕಾರ ಎಬ್ಬಿಸಿದಿರಿ?" ಎಂದು ಕೇಳುವವರು ಬೇಕಲ್ಲ? ಸರಕಾರಕ್ಕೆ ಈ ಪ್ರಶ್ನೆ ಕೇಳುವ ಅಧಿಕಾರವನ್ನು ಸಂವಿಧಾನದ 226ನೇ ವಿಧಿ ಹೈಕೋರ್ಟಿಗೆ ಕೊಟ್ಟಿದೆ. ಸರಕಾರಿ ನೌಕರಿಯಲ್ಲಿ ಎಲ್ಲರಿಗೂ ಸಮಾನ ಅವಕಾಶ ಇರಬೇಕೆಂದು 16ನೇ ವಿಧಿ ಹೇಳುತ್ತದೆ.

2023ರ ಜನವರಿ 30ರಂದು ಹೈಕೋರ್ಟಿನ ಏಕಸದಸ್ಯ ಪೀಠ ಆ ಹೆಣ್ಣುಮಕ್ಕಳ ಪರವಾಗಿ ತೀರ್ಪು ಕೊಟ್ಟಿತು. ಅವರನ್ನು ಅವರವರ ಮೀಸಲಾತಿ ವರ್ಗದಲ್ಲೇ ಪರಿಗಣಿಸಬೇಕು ಎಂದಿತು. ಮತ್ತೆ ಪಟ್ಟಿ ಮಾಡಿದರು, ವೈನಿಯ ಹೆಸರು ಬಂತು. ಅವ್ವ ಓಣಿಗೆಲ್ಲ ಸಕ್ಕರೆ ಹಂಚಿದಳು.

ಆದರೆ ಬಸ್ಸಿನ ಸೀಟು ಇದ್ದಷ್ಟೇ ಅಲ್ಲವೇ? ಒಬ್ಬರು ಕೂತರೆ ಇನ್ನೊಬ್ಬರು ಏಳಬೇಕು. ನಮ್ಮ ಓಣಿಯ ಅಣ್ಣ ಒಬ್ಬರ ಹೆಸರು ಮೊದಲ ಪಟ್ಟಿಯಲ್ಲಿತ್ತು, ಎರಡನೆಯದರಲ್ಲಿ ಹೋಯಿತು. ಅವರ ಮನೆಯಲ್ಲಿ ಮೊದಲೇ ಸಕ್ಕರೆ ಹಂಚಿ ಆಗಿತ್ತು. ವೈನಿ ಆಮೇಲೆ ಎಷ್ಟೋ ದಿನ ಅವರ ಮನೆ ಮುಂದೆ ಹಾಯಲಿಲ್ಲ, ಸುತ್ತು ಹಾಕಿ ನೀರಿಗೆ ಹೋಗುತ್ತಿದ್ದರು. ಇಬ್ಬರದೂ ತಪ್ಪಿಲ್ಲ. ಯಾರ ಪ್ರಮಾಣಪತ್ರ ಬೇಕೆಂದು ಅರ್ಜಿ ಕರೆಯುವಾಗಲೇ ಎಲ್ಲರಿಗೂ ತಿಳಿಯುವ ಹಾಗೆ ದಪ್ಪಕ್ಷರದಲ್ಲಿ ಹೇಳಿದ್ದರೆ ಇಷ್ಟು ಗೋಳು ಇರುತ್ತಿರಲಿಲ್ಲ ಅಂತ ನನಗನಿಸುತ್ತದೆ.

ಹಾಗೆ ಹೆಸರು ಕಳೆದುಕೊಂಡವರು ಮೇಲ್ಮನವಿ ಹಾಕಿದರು. 2023ರ ಅಕ್ಟೋಬರಿನಲ್ಲಿ ಹೈಕೋರ್ಟಿನ ವಿಭಾಗೀಯ ಪೀಠ ಬೇರೆಯೇ ಮಾತು ಹೇಳಿತು: ನೌಕರಿಯ ತಕರಾರನ್ನು ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಒಯ್ಯಬೇಕು, ನೇರವಾಗಿ ಹೈಕೋರ್ಟಿಗೆ ಬರುವುದಲ್ಲ. ಕೆ.ಎಸ್.ಎ.ಟಿ. ಅನ್ನುವುದು ಇದಕ್ಕೇ. 1985ರ ಕೇಂದ್ರ ಕಾಯ್ದೆಯ ಪ್ರಕಾರ ಆದದ್ದು. ಇದರ ಒಂದು ಪೀಠ ಕಲಬುರಗಿಯಲ್ಲೂ ಇದೆ. ಅಲ್ಲಿ ಸಮಾಧಾನ ಆಗದಿದ್ದರೆ ಹೈಕೋರ್ಟಿಗೆ ಹೋಗಬಹುದು ಎಂದು ಸುಪ್ರೀಂ ಕೋರ್ಟು 1997ರಲ್ಲೇ ಎಲ್. ಚಂದ್ರಕುಮಾರ್ ಪ್ರಕರಣದಲ್ಲಿ ಹೇಳಿತ್ತು. ಅಂದರೆ ಮೆಟ್ಟಿಲು ಬಿಟ್ಟು ಜಿಗಿಯಬಾರದು. ಆದರೂ ಮಕ್ಕಳಿಗೆ ಮಾಸ್ತರರಿಲ್ಲ ಎನ್ನುವುದನ್ನು ನೋಡಿ, 13,352 ಶಿಕ್ಷಕರ ನೇಮಕಕ್ಕೆ ಪೀಠ ದಾರಿ ಬಿಟ್ಟಿತು. 2025ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟೂ ಮೊದಲು ಕೆ.ಎಸ್.ಎ.ಟಿ.ಗೇ ಹೋಗಬೇಕು ಎಂದಿತು.

ಅರ್ಜಿ ಕರೆದ ಮೇಲೆ ಒಂದೂವರೆ ವರ್ಷಕ್ಕೂ ಹೆಚ್ಚು ಆಗಿತ್ತು. ನಾನು ಎಂಟನೇ ತರಗತಿಯಲ್ಲಿದ್ದೆ. ಒಂದು ದಿನ ಹೊಸ ಗಣಿತ ಮಾಸ್ತರರು ಬಂದರು. ಬಂದವರೇ ಬೋರ್ಡಿನ ಮೇಲೆ ಏಳನೇ ತರಗತಿಯ ಲೆಕ್ಕ ಬರೆದು "ಯಾರಿಗೆ ಬರತದ, ಕೈ ಎತ್ತರಿ" ಅಂದರು. ಮೂವರು ಎತ್ತಿದೆವು, ಅದರಲ್ಲಿ ಇಬ್ಬರದು ತಪ್ಪಾಯಿತು.

ವೈನಿ ಈಗ ಬೇರೆ ತಾಲೂಕಿನ ಶಾಲೆಯಲ್ಲಿ ವಿಜ್ಞಾನ ಕಲಿಸುತ್ತಾರೆ. ಓಣಿಯ ಅಣ್ಣ ತಾರೀಖು ಇದ್ದ ದಿನ ಬೆಳಿಗ್ಗೆ ಕಾಗದದ ಚೀಲ ಹಿಡಿದು ಕಲಬುರಗಿ ಬಸ್ಸು ಹತ್ತುತ್ತಾರೆ. ಹೋದ ಸಲ ಅದೇ ಬಸ್ಸಿನಲ್ಲಿ ವೈನಿಯೂ ಇದ್ದರು. "ಏನಾಯ್ತು ಅಣ್ಣಾ?" ಎಂದು ಕೇಳಿದರಂತೆ. "ಇನ್ನೂ ನಡದದ ತಂಗಿ" ಅಂದರಂತೆ.